ಹಸೀನಾಳ ಗಣಿತ

ಚುರುಮುರಿಗೆ ಒಗ್ಗರಣೆ ಬಿದ್ದ ವಾಸನೆ ಎಲ್ಲಿಂದ ಬಂದರೂ ಸರಿ, ನಾನು ಸವಣೂರು ರಸ್ತೆಯ ನಮ್ಮೂರಿನ ಮಣ್ಣಿನ ಮನೆಯ ಪಡಸಾಲೆಯಲ್ಲಿ ಬೋರಲಾಗಿ ಮಲಗಿ ಗಣಿತ ಮಾಡುತ್ತಿರುತ್ತೇನೆ. ಮಾಡುವುದೇನು ಬಂತು, ನಕಲು ಹೊಡೆಯುತ್ತಿರುತ್ತೇನೆ. ಎದುರಿಗೆ ಹಸೀನಾ. ಊರಿನ ಉರ್ದು ಶಾಲೆ ಐದನೇ ಇಯತ್ತೆಗೆ ಮುಗಿಯುತ್ತಿದ್ದರಿಂದ ಆರಕ್ಕೆ ನಮ್ಮ ಕನ್ನಡ ಶಾಲೆಗೆ ಬಂದವಳು, ಗಣಿತದಲ್ಲಿ ಭಾರೀ ಚುರುಕು. ಅವ್ವ ಇಬ್ಬರ ನಡುವೆ ಚುರುಮುರಿಯ ಒಂದೇ ತಾಟು ಇಟ್ಟು, ಅವಳನ್ನು ನೋಡಿ ಕಲಿ ಎಂದು ನನ್ನನ್ನು ಚುಚ್ಚುತ್ತಿದ್ದಳು. ನೋಡುತ್ತಿದ್ದುದಂತೂ ನಿಜ. ಹಸೀನಾಳ ಅಪ್ಪ ಬುಡನಸಾಬರು ಹುಲಗೂರಿನಲ್ಲಿ ಬಳೆ ಮಾರುತ್ತಿದ್ದರು. ಕನ್ನಡ ಶಾಲೆ ಮಗಳಿಗೆ ಹತ್ತುವುದೋ ಇಲ್ಲವೋ ಎಂಬ ಅನುಮಾನ ಅವರಿಗೆ. ಮಾಸ್ತರರಿಂದ ಒಂದು ದೂರು ಬಂದರೂ ಶಾಲೆ ಬಿಡಿಸಿ, ಹೊಲಿಗೆ ಕಲಿಯಲು ಹಾನಗಲ್ಲಿನ ಸೋದರತ್ತೆಯ ಮನೆಗೆ ಕಳಿಸುವುದಾಗಿ ಮೊದಲೇ ಹೇಳಿಬಿಟ್ಟಿದ್ದರು.

ಆ ದಿನ ಹೊಸ ಮಾಸ್ತರರು ಎಲ್ಲರ ನೋಟ್‌ಬುಕ್ ತಿದ್ದಲು ಕೂತರು. ಹಸೀನಾಳದ್ದನ್ನು ತೆರೆದರೆ ಮೊದಲ ಹಾಳೆ ಖಾಲಿ. ಎರಡನೆಯದೂ ಖಾಲಿ. ಬಲದಿಂದ ಎಡಕ್ಕೆ ಬರೆಯುವ ಉರ್ದು ಶಾಲೆಯ ರೂಢಿಯಂತೆ ಅವಳು ಹಿಂದಿನ ಹಾಳೆಯಿಂದ ಶುರುಮಾಡಿದ್ದಳು. ಅಲ್ಲಿ ಎಲ್ಲ ಗಣಿತವೂ ದುಂಡಗೆ ಇತ್ತು, ಮಾಸ್ತರರು ಅಲ್ಲಿಯತನಕ ತಿರುವಿಹಾಕಲಿಲ್ಲ. ಹೆದರಿದರೆ ಅವಳ ಬಾಯಿಂದ ಕನ್ನಡ ಹೊರಡುತ್ತಿರಲಿಲ್ಲ. ನನ್ನ ಮುಖ ನೋಡಿದಳು. ಮಾಸ್ತರರೂ ನನ್ನತ್ತ ತಿರುಗಿದರು.

"ಬಾಜೂಕ ಕುಂದರ್ತಿ. ಇಕಿ ಬರದದ್ದು ನೀ ನೋಡೀಯೇನು?"

ನೋಡಿದ್ದೇನೆ ಅಂದರೆ ನನ್ನ ನೋಟ್‌ಬುಕ್ಕಿನ ಬಣ್ಣವೂ ಬಯಲಾಗುತ್ತಿತ್ತು.

"ಇಲ್ರಿ ಸರ," ಅಂದೆ.

ಹುಡುಗಿ ಒಂದಕ್ಷರವೂ ಬರೆದಿಲ್ಲವೆಂದು ಮಾಸ್ತರರು ಸಂಜೆಯೇ ಬುಡನಸಾಬರಿಗೆ ಹೇಳಿಕಳಿಸಿದರು. ನಾನು ಅವ್ವನ ಮುಂದೆ ಬಾಯಿಬಿಡುವಷ್ಟರಲ್ಲಿ ನಾಲ್ಕು ದಿನ ಕಳೆದು, ಹಸೀನಾ ಹಾನಗಲ್ಲಿಗೆ ಹೋಗಿಯಾಗಿತ್ತು. ಅವ್ವ ಹೊಡೆಯಲಿಲ್ಲ, ಬೈಯಲಿಲ್ಲ. ರಟ್ಟೆ ಹಿಡಿದು ಅವರ ಮನೆಗೆ ಎಳೆದುಕೊಂಡು ಹೋದಳು. ಅಲ್ಲಿಯೂ ನನ್ನ ನಾಲಗೆ ಏಳಲಿಲ್ಲ. ಥೂ, ನನ್ನ ಜನ್ಮಕ್ಕಿಷ್ಟು. ಕೊನೆಗೆ ಅವ್ವನೇ ಎಲ್ಲ ಹೇಳಿದಳು. ಬುಡನಸಾಬರು ಕೈಯಲ್ಲಿದ್ದ ಬಳೆಯ ಸರ ಕೆಳಗಿಟ್ಟರು.

"ಹಂಗಾರ ಅಕಿ ಬರದಿದ್ಲು? ನಾ ಅಕಿನ್ನ ಒಂದ ಮಾತು ಕೇಳಲೇ ಇಲ್ಲಲ್ರಿ, ಅಕ್ಕಾರ."

ಮರುದಿನವೇ ಹಾನಗಲ್ಲಿಗೆ ಹೋದರು, ಒಬ್ಬರೇ ವಾಪಸು ಬಂದರು. ಅವಳೇ ಒಲ್ಲೆ ಅಂದಳಂತೆ. ಬಂದರೆ ಮತ್ತೆ ನನ್ನ ಪಕ್ಕದಲ್ಲೇ ಕೂರಬೇಕಿತ್ತಲ್ಲ. ಆಮೇಲೆ ನಾನವಳನ್ನು ಕಾಣಲಿಲ್ಲ. ಈಗ ನಮ್ಮ ಆ ಮಣ್ಣಿನ ಮನೆ ಬಿದ್ದಿದೆ, ಅವ್ವನೂ ಇಲ್ಲ. ನನ್ನ ಬದಲಿಗೆ ನಿಜ ಹೇಳುವವರು ಯಾರೂ ಉಳಿದಿಲ್ಲ.