ಕೈಲಾಸವನ್ನು ಎತ್ತರ ಮಾಡಿದವರು

ನಮ್ಮಪ್ಪನ ಸಿಟ್ಟು ಮನುಷ್ಯರ ಮೇಲೆ ತಿರುಗುತ್ತಿರಲಿಲ್ಲ. ನಲ್ಲಿ ಸೋರಿದರೆ ನಲ್ಲಿಯನ್ನು ಬೈಯುವರು, ಬಸ್ಸು ತಡವಾದರೆ ಬಸ್ಸನ್ನು. ಎರಡು ಸಾವಿರದ ಇಸವಿ ದಾಟಿದ ಹೊಸತರಲ್ಲಿ ಒಂದು ಬೆಳಿಗ್ಗೆ ಅವರು ಬಸವನಗುಡಿಯ ನಮ್ಮ ಮನೆಯ ಜಗಲಿಯ ಮೇಲೆ ಕೂತು ಕೈಲಾಸ ಪರ್ವತವನ್ನು ಬೈಯುತ್ತಿದ್ದರು.

ಕಾರಣವಿತ್ತು. ಸರ್ಕಾರಿ ಕಚೇರಿಯಲ್ಲಿ ಗುಮಾಸ್ತರಾಗಿ ದುಡಿದು ನಿವೃತ್ತರಾಗಿದ್ದ ಅಪ್ಪನಿಗೆ ಉಳಿದಿದ್ದ ಆಸೆ ಒಂದೇ, ಕೈಲಾಸ ಮಾನಸ ಸರೋವರ ನೋಡುವುದು. ಚಾಮರಾಜಪೇಟೆಯಲ್ಲಿದ್ದ ಒಬ್ಬರು ಪ್ರತಿವರ್ಷ ನೇಪಾಳದ ಕಡೆಯಿಂದ ಜೀಪಿನಲ್ಲಿ ಯಾತ್ರಿಕರನ್ನು ಕರೆದುಕೊಂಡು ಹೋಗುತ್ತಿದ್ದರು. ಅಪ್ಪ ತಮ್ಮ ಹೆಸರನ್ನೂ ಅಮ್ಮನ ಹೆಸರನ್ನೂ ಬರೆಸಿದರು. ಅಮ್ಮನಿಗೆ ಅಂಥ ಆಸೆಯೇನೂ ಇರಲಿಲ್ಲ. ತೀರ್ಥಯಾತ್ರೆಗೆ ಗಂಡಹೆಂಡತಿ ಜೊತೆಯಾಗಿ ಹೋಗಬೇಕು ಎಂಬುದು ನಮ್ಮ ಕಡೆಯ ರೂಢಿ, ಅದಕ್ಕಾಗಿ ಹೂಂ ಅಂದಿದ್ದಳು. ಅಪ್ಪ ಮಾತ್ರ ತಯಾರಿಗೆ ಇಳಿದೇಬಿಟ್ಟರು. ಬೆಳಗಾದರೆ ಕಹಳೆಬಂಡೆ ಪಾರ್ಕಿಗೆ ಹೋಗಿ ಬಂಡೆ ಹತ್ತಿ ಇಳಿಯುವುದು, ಬರುವಾಗ ಗಾಂಧಿ ಬಜಾರಿನಲ್ಲಿ ಬೇಕಂತಲೇ ಭಾರದ ತರಕಾರಿ ಕೊಂಡು ಹೊತ್ತು ತರುವುದು. ಬೂದುಗುಂಬಳಕಾಯಿಯ ಮಜ್ಜಿಗೆ ಹುಳಿ ತಿಂದು ತಿಂದು ಆ ವರ್ಷ ನನಗೆ ಕೈಲಾಸದ ಹೆಸರೆತ್ತಿದರೇ ಹೊಟ್ಟೆ ತೊಳಸುತ್ತಿತ್ತು.

ಹೊರಡುವವರೆಲ್ಲ ಡಾಕ್ಟರ ಒಪ್ಪಿಗೆ ತರಬೇಕಿತ್ತು. ಅಪ್ಪ ಹೊಸ ಬನಿಯನ್ ಹಾಕಿಕೊಂಡು, ಪರೀಕ್ಷೆಗೆ ಹೋಗುವ ಜಾಣ ಹುಡುಗನ ಹಾಗೆ ಹೋದರು. ಡಾಕ್ಟರು ಇಬ್ಬರನ್ನೂ ನೋಡಿ, ಅಪ್ಪನ ಇಸಿಜಿಯನ್ನು ಎರಡನೇ ಸಲ ಮಾಡಿಸಿದರು.

"ಅಮ್ಮಾವ್ರು ಹೋಗ್ಬಹುದು. ನೀವು ಬೇಡ ಸಾರ್," ಅಂದರು. "ಇಲ್ಲಿ ನೀವು ಎಷ್ಟು ನಡೆದ್ರೂ ಸರಿ. ಅಲ್ಲಿ ಗಾಳೀನೇ ತೆಳ್ಳಗಿರುತ್ತೆ. ನಿಮ್ಮ ಹಾರ್ಟು ಆ ಎತ್ತರ ತಡೆಯಲ್ಲ."

ಮನೆಗೆ ಬಂದ ಮೇಲೆ ಅಮ್ಮ, "ಇಬ್ರೂ ಬೇಡ ಬಿಡ್ರೀ, ಇಲ್ಲೇ ಗವಿಗಂಗಾಧರನ ಗುಡಿಗೆ ಹೋಗ್ಬರೋಣ," ಅಂದಳು. ಸುದ್ದಿ ಕೇಳಿ ಬಂದ ನನ್ನ ಸೋದರತ್ತೆ ಬಾಗಿಲಲ್ಲೇ, "ಗಂಡನ್ನ ಮನೇಲಿ ಬಿಟ್ಟು ಹೆಂಗಸು ಕೈಲಾಸಕ್ಕೆ ಹೋಗೋದುಂಟೇನೇ?" ಎಂದು ತೀರ್ಪು ಕೊಟ್ಟಳು. ಮಾರನೆಯ ಬೆಳಿಗ್ಗೆಯೇ ಅಪ್ಪ ಜಗಲಿಯಲ್ಲಿ ಕೂತು ಬೈಯತೊಡಗಿದ್ದು.

ನಾನು ಕಾಲೇಜಿಗೆ ಹೊರಟಿದ್ದೆ. ಮಲ್ಲೇಶ್ವರದ ಒಂದು ಕಾಲೇಜಿನಲ್ಲಿ ಭೂವಿಜ್ಞಾನ ಪಾಠ ಹೇಳುವುದು ನನ್ನ ಕೆಲಸ. ಅಪ್ಪ ನನ್ನನ್ನು ತಡೆದು ನಿಲ್ಲಿಸಿದರು.

"ಕಲ್ಲುಮಣ್ಣಿನ ಮೇಷ್ಟ್ರು ನೀನಲ್ವೇನಮ್ಮಾ? ಹೇಳು. ಅದಕ್ಕೆ ಅಷ್ಟು ಎತ್ತರಕ್ಕೆ ಹೋಗಿ ಕೂರು ಅಂತ ಯಾರು ಹೇಳಿದ್ರು?"

ತಮಾಷೆಗೆ ಕೇಳಿದ್ದಲ್ಲ ಎಂದು ಮುಖ ನೋಡಿದರೆ ಗೊತ್ತಾಗುತ್ತಿತ್ತು. ಬಸ್ಸು ಹೋದರೆ ಹೋಗಲಿ ಎಂದು ಚೀಲ ಇಳಿಸಿದೆ.

"ನಾವೇ ಅಪ್ಪ," ಅಂದೆ. "ನಮ್ಮ ನೆಲವೇ ಹೋಗಿ ಗುದ್ದಿದ್ದು."

ಹಜಾರದಲ್ಲಿ ಹಾಸಿದ್ದ ಜಮಖಾನವನ್ನು ಗೋಡೆಯ ಕಡೆಗೆ ತಳ್ಳಿ ತೋರಿಸಿದೆ. ನಮ್ಮ ದೇಶದ ನೆಲ ಒಂದು ಕಾಲಕ್ಕೆ ತೀರ ದಕ್ಷಿಣದಲ್ಲಿತ್ತು, ಅದಕ್ಕೂ ಏಷ್ಯಾಕ್ಕೂ ನಡುವೆ ದೊಡ್ಡ ಸಮುದ್ರವಿತ್ತು. ನಮ್ಮ ನೆಲ ಉತ್ತರಕ್ಕೆ ಸರಿಯುತ್ತ ಹೋದಂತೆ ಸಮುದ್ರದ ತಳ ಏಷ್ಯಾದ ಕೆಳಗೆ ನುಗ್ಗಿ ಕರಗಿತು, ನೀರು ಬತ್ತಿತು, ಕೊನೆಗೆ ಎರಡು ಖಂಡಗಳ ಅಂಚುಗಳೇ ಒಂದಕ್ಕೊಂದು ಬಡಿದವು. ಬಡಿದ ಕಡೆ ಜಮಖಾನ ಸುಕ್ಕುಗಟ್ಟಿದ ಹಾಗೆ ಹಿಮಾಲಯ ಎದ್ದಿತು. ಎರಡೂ ಅಂಟಿಕೊಂಡ ಗೆರೆಗೆ ನಾವು ಹೊಲಿಗೆ ಎನ್ನುತ್ತೇವೆ. ನಡುವೆ ಸಿಕ್ಕಿಬಿದ್ದ ಸಮುದ್ರದ ತಳದ ಕಪ್ಪು ಹಸಿರು ಕಲ್ಲುಗಳು ಆ ಗೆರೆಯುದ್ದಕ್ಕೂ ಇವತ್ತಿಗೂ ಇವೆ. ಸಿಂಧೂ ನದಿ ಆ ಗೆರೆ ಹಿಡಿದು ಪಶ್ಚಿಮಕ್ಕೆ, ಬ್ರಹ್ಮಪುತ್ರ ಪೂರ್ವಕ್ಕೆ ಹರಿಯುತ್ತವೆ. ಎರಡೂ ಹುಟ್ಟುವ ಜಾಗದ ಮಗ್ಗುಲಲ್ಲೇ, ಹೊಲಿಗೆಯ ಅಂಚಿನಲ್ಲೇ, ಕೈಲಾಸ ಇರುವುದು.

"ಸುಕ್ಕು ಅರ್ಥವಾಯ್ತು," ಅಂದರು ಅಪ್ಪ. "ಆದ್ರೆ ಕೈಲಾಸದ ಸುತ್ತ ಬೆಟ್ಟ ಅಲ್ಲ ಕಣಮ್ಮ, ಬಯಲು. ಫೋಟೋದಲ್ಲಿ ನೋಡಿದೀನಿ. ಬಯಲು ಹೇಗೆ ಮೇಲಕ್ಕೆ ಹೋಯ್ತು?"

ನನ್ನ ವಿದ್ಯಾರ್ಥಿಗಳಲ್ಲಿ ಒಬ್ಬರೂ ಈ ಪ್ರಶ್ನೆ ಕೇಳಿದ್ದಿಲ್ಲ. ಒಳಗಿನಿಂದ ಎರಡು ಹಾಸಿಗೆ ತಂದು ಒಂದರ ಕೆಳಗೆ ಇನ್ನೊಂದನ್ನು ತೂರಿಸಿದೆ. ನಮ್ಮ ನೆಲ ಕೈಲಾಸವಿರುವ ಟಿಬೆಟ್ಟಿನ ಕೆಳಗೂ ಹೀಗೆ ನುಗ್ಗಿದೆ, ಮೇಲಿನದೂ ಒತ್ತಡಕ್ಕೆ ದಪ್ಪವಾಗಿದೆ, ಅದಕ್ಕೇ ಬಯಲಿಗೆ ಬಯಲೇ ಮೇಲಕ್ಕೆ ಎದ್ದಿದೆ ಎಂದೆ. ಆಳದಲ್ಲಿ ಕಾವಿಗೆ ಮೆತ್ತಗಾದ ಕಲ್ಲು ಭಾರ ತಡೆಯಲಾರದೆ ಪೂರ್ವದ ಕಡೆ ಸರಿಯುತ್ತಿದೆ, ಮೇಲೆ ನೆಲ ಅಲ್ಲಲ್ಲಿ ಸೀಳು ಬಿಟ್ಟಿದೆ ಎಂದೂ ಹೇಳಿದೆ.

ಅಪ್ಪ ಹಾಸಿಗೆಗಳನ್ನೇ ನೋಡುತ್ತ ಕೂತರು.

"ಅಂದ್ರೆ ನನ್ನ ಹಾರ್ಟಿಗೆ ಆಗದೇ ಇರೋ ಎತ್ತರವನ್ನ ನಾವೇ ಹೋಗಿ ಮಾಡಿಟ್ಟಿದೀವಿ. ಮಾಡಿದ್ದುಣ್ಣೋ ಮಹಾರಾಯ ಅಂದ್ರೆ ಇದೇ ಅನ್ನು."

ನಗು ಬಂತು. ಅಡುಗೆಮನೆ ಬಾಗಿಲಲ್ಲಿ ಸೌಟು ಹಿಡಿದು ನಿಂತಿದ್ದ ಅಮ್ಮ, "ಬೆಳಿಗ್ಗೆ ಬೆಳಿಗ್ಗೆ ಹಾಸಿಗೆ ಯಾಕೆ ಹಾಸಿದೀರ?" ಅಂದಳು. ಅಪ್ಪ ಮೇಲಿನ ಹಾಸಿಗೆಯನ್ನು ಕೈಯಿಂದ ಒತ್ತಿ ನೋಡಿದರು.

"ಈಗ ನಿಂತಿದೆಯೋ?" ಎಂದು ನನ್ನನ್ನು ಕೇಳಿದರು.

"ಯಾವುದು?"

"ಗುದ್ದೋದು."

"ಇಲ್ಲ. ಇನ್ನೂ ತಳ್ತಾನೇ ಇದೆ. ಹಿಮಾಲಯ ಇನ್ನೂ ಏಳ್ತಾ ಇದೆ."

ಹಾಗೆ ಹೇಳಿ ನಾನು ಬಸ್ಸಿಗೆ ಓಡಿದೆ. ಸಂಜೆ ಬಂದಾಗ ಅಮ್ಮನ ಮುಖ ಊದಿಕೊಂಡಿತ್ತು. ಅಪ್ಪ ಮಧ್ಯಾಹ್ನ ಊಟಕ್ಕೆ ಕೂತವರು ಅವಳಿಗೆ ಹೇಳಿದ್ದರಂತೆ: "ಅದು ವರ್ಷಾ ವರ್ಷಾ ಎತ್ತರ ಆಗ್ತಿದೆ. ನಾನು ವರ್ಷಾ ವರ್ಷಾ ಇಳೀತಿದೀನಿ. ಮುಂದಿನ ವರ್ಷ ಇಬ್ರೂ ಹೋಗೋಣ ಅನ್ನೋ ಮಾತಿಗೆ ಅರ್ಥ ಇಲ್ಲ. ನೀನು ಈ ವರ್ಷವೇ ಹೋಗಿ ಬಾ."

ಹಿಮಾಲಯ ಏಳುವ ಲೆಕ್ಕ ಕೂದಲೆಳೆಯಷ್ಟರದು, ಅದಕ್ಕೆ ಹೆದರಿ ಯಾರೂ ಯಾತ್ರೆ ತೀರ್ಮಾನಿಸಬೇಕಾಗಿಲ್ಲ ಎಂದು ತಿದ್ದಲು ಬಾಯಿ ತೆರೆದೆ. ಅಪ್ಪ ನನ್ನತ್ತ ನೋಡಿದ ರೀತಿಗೆ ಮುಚ್ಚಿಕೊಂಡೆ. ಅದು ಅವರಿಗೂ ಗೊತ್ತಿತ್ತು. ಹೆಂಡತಿಯನ್ನು ಕಳಿಸಲು ಅವರಿಗೆ ಒಂದು ನೆಪ ಬೇಕಾಗಿತ್ತು, ನನ್ನ ಪಾಠ ಒದಗಿಬಂತು.

ಅಮ್ಮ ಒಪ್ಪಲು ವಾರ ಹಿಡಿಯಿತು. ಅತ್ತು, ಜಗಳವಾಡಿ, ಊಟ ಬಿಟ್ಟು, ಕೊನೆಗೆ ಅಪ್ಪನೇ ಉಪವಾಸ ಕೂರುವ ಬೆದರಿಕೆ ಹಾಕಿದ ಮೇಲೆ ಉಣ್ಣೆಯ ಕೋಟು ತರಲು ಹೊರಟಳು. ಆ ಹೊಲಿಗೆಯ ಗೆರೆಯನ್ನು ಬೋರ್ಡಿನ ಮೇಲೆ ಬರೆಯುತ್ತಲೇ ಬಂದಿದ್ದ ನಾನು ಒಮ್ಮೆಯೂ ಕಣ್ಣಾರೆ ನೋಡಿರಲಿಲ್ಲ. ಅಮ್ಮನ ಮೇಲೆ ಹೊಟ್ಟೆಕಿಚ್ಚಾಗಲಿಲ್ಲ ಎಂದರೆ ಸುಳ್ಳಾದೀತು.

ಅವಳು ಹೋದ ಮೇಲೆ ಮನೆ ಬಿಕೋ ಅನ್ನುತ್ತಿತ್ತು. ಕಾಠ್ಮಂಡುವಿನಿಂದ ಒಂದು ಫೋನು ಬಂತು, ಆಮೇಲೆ ಸುದ್ದಿಯಿಲ್ಲ. ಅಪ್ಪ ತಾವೇ ಡಿಕಾಕ್ಷನ್ ಹಾಕಿ ಕಲಗಚ್ಚಿನಂಥ ಕಾಫಿ ಮಾಡಿ ಇಬ್ಬರಿಗೂ ಕೊಡುತ್ತಿದ್ದರು. ತಯಾರಿಯ ಅಗತ್ಯವೇನೂ ಉಳಿದಿರದಿದ್ದರೂ ಬಂಡೆ ಹತ್ತುವುದನ್ನು ಬಿಡಲಿಲ್ಲ. ಒಂದು ದಿನ ನಾನೂ ಜೊತೆಗೆ ಹೋದೆ. ಅವರನ್ನು ಸಮಾಧಾನ ಮಾಡಲು, ಕಾಲಡಿಯ ಈ ಕಲ್ಲು ಕೈಲಾಸಕ್ಕಿಂತ ಎಷ್ಟೋ ಪಟ್ಟು ಹಳೆಯದು, ನೆಲದ ಆಳದಲ್ಲಿ ಬೆಂದು ಆದದ್ದು, ಮೇಲಿದ್ದುದೆಲ್ಲ ಸವೆದು ಹೋಗಿ ಬುಡ ಮಾತ್ರ ನಮ್ಮ ಪಾಲಿಗೆ ಉಳಿದಿದೆ ಎಂದೆ.

"ಹಳೇದು, ಸವೆದಿದ್ದು," ಅಂದರು ಅಪ್ಪ. "ಸರಿಯಾದ ಕಡೇನೇ ವಾಕಿಂಗ್ ಬರ್ತಿದೀನಿ ಬಿಡು."

ಬಂಡೆ ಇಳಿಯುವಾಗ, "ಅವಳಿಗೆ ಅಲ್ಲಿ ಏನೂ ಆಗಲ್ಲ ಅಲ್ವಾ?" ಎಂದು ಕೇಳಿದರು. ಆಗಲ್ಲ ಎಂದೆ. ನನಗೇನು ಗೊತ್ತಿತ್ತು, ಮಣ್ಣಂಗಟ್ಟಿ.

ಅಮ್ಮ ಬಂದಳು. ಬಿಸಿಲಿಗೆ, ಗಾಳಿಗೆ ಮುಖ ಕಪ್ಪಾಗಿ ಮೂಗಿನ ತುದಿಯ ಸಿಪ್ಪೆ ಸುಲಿದಿತ್ತು. ಆ ಭಾನುವಾರ ಮನೆಯಲ್ಲಿ ತೀರ್ಥ ಹಂಚಿ ನೆಂಟರಿಗೆ ಊಟ ಹಾಕಿದೆವು. ಯಾತ್ರೆ ಮುಗಿಸಿ ಬಂದವರ ಕಾಲಿಗೆ ಎಲ್ಲರೂ ನಮಸ್ಕಾರ ಮಾಡುವುದು ನಮ್ಮಲ್ಲಿ ವಾಡಿಕೆ. ಆ ಪಾದಕ್ಕೆ ಕ್ಷೇತ್ರದ ಪುಣ್ಯ ಅಂಟಿರುತ್ತದೆ, ಹಿರಿಯರು ಕಿರಿಯರು ಎಂಬ ಎಣಿಕೆ ಇಲ್ಲ. ಅಮ್ಮನನ್ನು ಕುರ್ಚಿಯಲ್ಲಿ ಕೂರಿಸಿದೆವು. ತೀರ್ಪು ಕೊಟ್ಟಿದ್ದ ಸೋದರತ್ತೆಯೂ ತೆಪ್ಪಗೆ ಬಂದು ಬಗ್ಗಿದಳು.

ಹೇಗಿತ್ತು, ಹೇಗಿತ್ತು ಎಂದು ಎಲ್ಲರೂ ಕೇಳುವವರೇ. ಕೈಲಾಸದ ಮಗ್ಗುಲಿನ ಬಂಡೆಗಳನ್ನು ಹತ್ತಿರದಿಂದ ನೋಡಿದರೆ ಕಡಲೆಬೀಜದ ಉಂಡೆಯ ಹಾಗೆ ಬರೀ ಉರುಟು ಕಲ್ಲು ಒತ್ತಿ ಕಟ್ಟಿದಂತಿದೆ ಎಂದಳು ಅಮ್ಮ. ಹಳೆಯ ನದಿಗಳು ಹೊಲಿಗೆಯ ಅಂಚಿನಲ್ಲಿ ತಂದು ಸುರಿದ ಕಲ್ಲು ಅದು. ನಾನು ಪುಸ್ತಕದಲ್ಲಿ ಓದಿದ್ದನ್ನು ಅವಳು ಮುಟ್ಟಿ ಬಂದಿದ್ದಳು. ಆಮೇಲೆ ಕಂಬದ ಹತ್ತಿರ ನಿಂತಿದ್ದ ಅಪ್ಪನ ಕಡೆ ತಿರುಗಿದಳು.

"ಉಸಿರೇ ಸಿಗಲ್ಲ ರೀ. ಒಂದೊಂದು ಹೆಜ್ಜೆಗೂ ನಿಲ್ಬೇಕು. ಡಾಕ್ಟರ ಮಾತು ಕೇಳಿದ್ದು ಒಳ್ಳೇದಾಯ್ತು. ನೀವು ಬಂದಿದ್ರೆ ನಾನು ಒಬ್ಬಳೇ ವಾಪಸ್ ಬರ್ತಿದ್ದೆ."

ಅಪ್ಪ ಶಲ್ಯ ಸರಿಮಾಡಿಕೊಂಡು ಬಂದು, ಮಂಡಿ ಹಿಡಿದುಕೊಂಡು, ನಿಧಾನವಾಗಿ ಅಮ್ಮನ ಕಾಲ ಹತ್ತಿರ ಕೂತರು. ಅಮ್ಮ ಬೆಂಕಿ ತಾಗಿದವಳಂತೆ ಕಾಲು ಎಳೆದುಕೊಂಡಳು.

"ಅಯ್ಯೋ, ಏನ್ರೀ ಇದು! ಎಲ್ಲರ ಮುಂದೆ! ನನಗೆ ಪಾಪ ಬರುತ್ತೆ, ಏಳಿ!"

"ನಿಂಗಲ್ಲ ಕಣೇ, ಕೈಲಾಸಕ್ಕೆ," ಅಂದರು ಅಪ್ಪ. "ನನ್ನ ಕೈಲಾಗೋ ಎತ್ತರ ಇಷ್ಟೇ."

ಅಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡು, ಎಳೆದುಕೊಂಡಿದ್ದ ಕಾಲುಗಳನ್ನು ಒಂದೊಂದಾಗಿ ಮುಂದಕ್ಕೆ ಇಟ್ಟಳು.