ಅತ್ತೆಯ ಮತ

ಆ ಸಂಜೆ ಅಡುಗೆಮನೆಯ ಮೇಜಿನ ಸುತ್ತ ಇದ್ದವರು ನಾವು ನಾಲ್ವರೇ. ಕಿಟಕಿಗೆ ಬೆನ್ನು ಹಾಕಿ ಕೊತ್ತಂಬರಿ ಬಿಡಿಸುತ್ತಿದ್ದ ಅತ್ತೆ, ಅವರ ಎದುರಿಗೆ ನಾನು, ಪಕ್ಕದಲ್ಲಿ ಕಾಲು ಅಲ್ಲಾಡಿಸುತ್ತ ಕೂತ ಎಂಟು ವರ್ಷದ ಮಗಳು, ಬಾಗಿಲ ಹತ್ತಿರ ಒಂದು ಕಿವಿಯಲ್ಲಿ ಆಫೀಸಿನ ಮೀಟಿಂಗ್ ಸಿಕ್ಕಿಸಿಕೊಂಡೇ ಚಹಾ ಕುಡಿಯುತ್ತಿದ್ದ ನನ್ನ ಗಂಡ. ಐದನೆಯವರು ಬರುವ ಹಾಗೇ ಇರಲಿಲ್ಲ. ಕೊರೋನಾ ಬಂದ ಮೊದಲ ವಸಂತ. ನಾವಿದ್ದ ಡಚ್ ನಗರ ಯುಟ್ರೆಕ್ಟ್, ಊರಿಗೆ ಊರೇ ಬಾಗಿಲು ಹಾಕಿಕೊಂಡಿತ್ತು. ಮನೆಯ ಹಿಂದಿನ ಹಳಿಯ ಮೇಲೆ ಹಳದಿ ರೈಲುಗಳು ಮಾತ್ರ ಓಡುತ್ತಿದ್ದವು, ಒಳಗೆ ದೀಪ, ನರಪಿಳ್ಳೆ ಇಲ್ಲ.

ಅತ್ತೆ ಗದಗದ ಕಡೆಯವರು. ಮೂರು ತಿಂಗಳು ಮೊಮ್ಮಗಳ ಜೊತೆ ಇದ್ದು ಹೋಗೋಣ ಎಂದು ಚಳಿಗಾಲದಲ್ಲಿ ಬಂದವರು, ವಿಮಾನ ನಿಂತು ಇಲ್ಲೇ ಸಿಕ್ಕಿಬಿದ್ದಿದ್ದರು. ಎಪ್ಪತ್ತು ದಾಟಿತ್ತು, ಸಕ್ಕರೆ ಕಾಯಿಲೆ ಇತ್ತು. ಟೀವಿಯಲ್ಲಿ ಯಾರಿಗೆ ಅಪಾಯ ಎಂದು ಹೇಳುವಾಗ ಅವರನ್ನೇ ಹೆಸರು ಹಿಡಿದು ಕರೆದ ಹಾಗೆ ನನಗೆ ಕೇಳುತ್ತಿತ್ತು. ನಮ್ಮ ಕೆಳಗೆ ಎರಡನೇ ಮಹಡಿಯಲ್ಲಿದ್ದ ಮುದುಕರನ್ನು ಒಂದು ಮಧ್ಯಾಹ್ನ ಮೈತುಂಬ ಬಿಳಿ ಕವಚ ತೊಟ್ಟ ಇಬ್ಬರು ಬಂದು ಕರೆದುಕೊಂಡು ಹೋದರು. ಅವರ ಸೈಕಲ್ಲು ಕೆಳಗೆ ಕಂಬಕ್ಕೆ ಕಟ್ಟಿದ್ದು ಹಾಗೇ ಇತ್ತು. ಲಿಫ್ಟಿನ ಗುಂಡಿಯನ್ನು ಮೊಣಕೈಯಲ್ಲಿ ಒತ್ತಿ, ತರಕಾರಿಯನ್ನು ವಿನೆಗರ್‌ನಲ್ಲಿ ತೊಳೆದು, ನಾವು ಒಬ್ಬರ ಕೆಮ್ಮನ್ನು ಒಬ್ಬರು ಕಿವಿಗೊಟ್ಟು ಕೇಳುತ್ತ ಬದುಕುತ್ತಿದ್ದೆವು.

ನಾನು ಇಲ್ಲಿಯ ವಿಶ್ವವಿದ್ಯಾಲಯದಲ್ಲಿ ಸಂಶೋಧನೆ ಮಾಡುತ್ತಿದ್ದೆ. ವಿಷಯ, ನೂರು ವರ್ಷದ ಹಿಂದೆ ಬ್ರಿಟನ್ನಿನ ಹೆಂಗಸರು ಮತದಾನದ ಹಕ್ಕಿಗಾಗಿ ಮಾಡಿದ ಹೋರಾಟ. ಹಳೇ ಪತ್ರಿಕೆ ನೋಡಲು ಲಂಡನ್ನಿಗೆ ಹೋಗುವುದು ತಪ್ಪಿತ್ತು. ಹಗಲೆಲ್ಲ ಲ್ಯಾಪ್‌ಟಾಪಿನಲ್ಲಿ ಓದಿದ್ದನ್ನು ಸಂಜೆ ಅತ್ತೆಗೆ ಕಥೆ ಹೇಳುತ್ತಿದ್ದೆ. ನನಗೆ ಮಾತು ಕಲಿಸಿದವಳು ನನ್ನ ಅಜ್ಜಿ. ಸುದ್ದಿಯನ್ನೂ ಕಥೆ ಮಾಡಿ ಹೇಳದಿದ್ದರೆ ಅವಳು ಊಟಕ್ಕೇ ಏಳುತ್ತಿರಲಿಲ್ಲ. ಆ ಚಟ ನನಗೂ ಅಂಟಿದೆ.

"ಈ ಹೆಂಗಸರು ಮತಕ್ಕಾಗಿ ಐವತ್ತು ವರ್ಷಕ್ಕೂ ಹೆಚ್ಚು ಹೋರಾಡಿದರು ಅತ್ತೆ," ಅಂದೆ.

ಅತ್ತೆ ಸೊಪ್ಪು ಬಿಡಿಸುವುದನ್ನು ನಿಲ್ಲಿಸಿದರು. "ಮತಕ್ಕ? ಅವರದೆಲ್ಲಾ ಒಂದ ಮತ ಅಲ್ಲೇನು, ಕಿರಿಸ್ತಾನ್ರದು? ಇದ್ದ ಮತಕ್ಕ ಮತ್ಯಾಕ ಹೊಡದಾಡಬೇಕು?"

"ಆ ಮತ ಅಲ್ಲ, ವೋಟು."

"ವೋಟು ಅನಬಾರದೇನು ಮತ್ತ! ನಿಮ್ಮ ಮೈಸೂರು ಕಡೇವರ ಕನ್ನಡ ಮಜ್ಜಿಗಿ ಇದ್ದಂಗ, ನೀರ ಜಾಸ್ತಿ."

ಮಗಳು ನಡುವೆ ಬಾಯಿ ಹಾಕಿದಳು. "ಅಜ್ಜಿ, ಡಚ್‌ನಲ್ಲಿ ವೋಟ್‌ಗೆ ಸ್ಟೆಮ್ ಅಂತಾರೆ. ವಾಯ್ಸ್‌ಗೂ ಸ್ಟೆಮ್ಮೇ. ಸೇಮ್ ವರ್ಡ್."

"ದನಿಗೂ ಅದ, ವೋಟಿಗೂ ಅದ? ಶಾಣ್ಯಾ ಮಂದಿ." ಅತ್ತೆ ಇನ್ನೊಂದು ಕಟ್ಟು ಸೊಪ್ಪು ಎಳೆದುಕೊಂಡರು. "ನಂದೂ ಹೇಳ್ತೇನಿ ಕೇಳು. ಮದುವಿ ಆದಾಗಿಂದ ಒಂದೂ ವೋಟು ತಪ್ಪಿಸಿಲ್ಲ ನಾ. ಹೊಂಟು ನಿಂತಾಗ ನಿಮ್ಮ ಮಾವ ಹೇಳೋರು, ಇಂಥಾ ಗುರ್ತಿಗೆ ಒತ್ತಿ ಬಾ ಅಂತ. ಒತ್ತಿ ಬರ್ತಿದ್ದೆ. ಅವರು ಹ್ವಾದ ಮ್ಯಾಲೆ ಇಂವ ಫೋನ್ ಮಾಡಿ ಹೇಳ್ತಾನ. ವೋಟು ನಂದು, ಮತ ಅವರದು."

ಬಾಗಿಲಿನಿಂದ ನನ್ನ ಗಂಡ, "ಯವ್ವಾ, ನಾ ಬರೇ ಸಲಹಾ ಕೊಡ್ತೇನಿ," ಅಂದ.

"ಸಲಹಾ ಕೊಟ್ಟಾಂವ ಸಂಜೀಕ ಮತ್ತ ಫೋನ್ ಮಾಡಿ, ಒತ್ತಿದ್ಯೋ ಇಲ್ಲೋ ಅಂತ ಕೇಳೂದಿಲ್ಲಪಾ."

ಅಂದಿನಿಂದ ಅತ್ತೆಗೆ ಆ ಕಥೆಯ ರುಚಿ ಹತ್ತಿತು. ನಿಧಾನದ ದಾರಿ ಹಿಡಿದ ಮುಖಂಡರೊಬ್ಬರ ವಿಷಯ ಹೇಳಿದೆ. ಜೀವಮಾನವೆಲ್ಲ ಅರ್ಜಿ, ಸಭೆ, ಮತ್ತೆ ಅರ್ಜಿ. ಕಾನೂನು ಮುರಿಯುವುದು ಅವರಿಗೆ ಸೇರದು. ಆಮೇಲೆ ಗಂಡ ತೀರಿಕೊಂಡ ಒಬ್ಬ ತಾಯಿ, ಅವಳ ಹೆಣ್ಣುಮಕ್ಕಳು. ಅರ್ಜಿಗೆ ಬೂಷ್ಟು ಹಿಡಿಯಿತು, ಇನ್ನು ಕೇಳುತ್ತ ಕೂರುವುದಿಲ್ಲ ಎಂದು ಬೀದಿಗೆ ಇಳಿದವರು, ಅಂಗಡಿಗಳ ಗಾಜು ಒಡೆದವರು, ಜೈಲಿಗೆ ಹೋದವರು. ಆ ಹೆಣ್ಣುಮಕ್ಕಳಲ್ಲಿ ಒಬ್ಬಳು ಬಡ ಕೆಲಸಗಾರ ಹೆಂಗಸರ ಪರ ನಿಂತಳೆಂದು ತಾಯಿ-ಅಕ್ಕ ಅವಳನ್ನು ಹೊರಗೆ ಹಾಕಿದ್ದೂ ಹೇಳಿದೆ. "ಮನ್ಯಾಗ ಮೂರು ಹೆಂಗಸರಿದ್ರ ಇದ್ದದ್ದ," ಅಂದರು ಅತ್ತೆ.

ಜೈಲಿನ ಕಥೆಗೆ ಬಂದಾಗ ಮಾತ್ರ ಅವರ ನಗು ನಿಂತಿತು. ಜೈಲಿನಲ್ಲಿ ಆ ಹೆಂಗಸರು ಊಟ ಬಿಟ್ಟರು. ಸತ್ತರೆ ಸರಕಾರಕ್ಕೆ ಕೆಟ್ಟ ಹೆಸರು. ಅದಕ್ಕೆ ಜೈಲಿನವರು ಕೈಕಾಲು ಹಿಡಿದು, ಮೂಗಿಗೋ ಬಾಯಿಗೋ ರಬ್ಬರಿನ ನಳಿಗೆ ತುರುಕಿ, ಹಾಲು-ಮೊಟ್ಟೆ ಸುರಿಯುತ್ತಿದ್ದರು. ಶ್ರೀಮಂತರ ಮನೆಯ ಹೆಣ್ಣೊಬ್ಬಳಿಗೆ ಎದೆ ದುರ್ಬಲ ಎಂದು ಡಾಕ್ಟರು ಪರೀಕ್ಷಿಸಿ ಬಿಟ್ಟು ಕಳಿಸಿದರು. ಅವಳೇ ಆಮೇಲೆ ಬಟ್ಟೆ ಹೊಲಿಯುವವಳ ವೇಷ ಹಾಕಿ, ಹೆಸರು ಬದಲಿಸಿಕೊಂಡು ಜೈಲಿಗೆ ಹೋದಳು. ಆಗ ಯಾರೂ ಎದೆ ನೋಡಲಿಲ್ಲ. ನಳಿಗೆ ಹಾಕಿಯೇಬಿಟ್ಟರು.

"ಅಂಗಿ ನೋಡಿ ಎದಿ ಬಡತಾ ಕೇಳತಿದ್ರೇನು?" ಅಂದ ಅತ್ತೆ ಸೆರಗನ್ನು ಮೂಗಿಗೆ ಒತ್ತಿ ಹಿಡಿದರು. "ಸಾಕು ಬಿಡವಾ. ಇವತ್ತಿಗೆ ಸಾಕು."

ಆಮೇಲೆ ನಾನು ಒಳ್ಳೆಯ ಕಡೆಗೆ ಬಂದೆ. ಕೊನೆಗೆ ಮೂವತ್ತು ದಾಟಿದ, ಅಷ್ಟೋ ಇಷ್ಟೋ ಆಸ್ತಿ ಇದ್ದ ಹೆಂಗಸರಿಗೆ ಮೊದಲು ವೋಟು ಸಿಕ್ಕಿತು, ಉಳಿದವರು ಮತ್ತೆ ಹತ್ತು ವರ್ಷ ಕಾದರು. ಆ ಮೊದಲ ಚುನಾವಣೆ ನಡೆದದ್ದೂ ಒಂದು ಮಹಾಮಾರಿಯ ನಡುವೆಯೇ. ಜನ ಜ್ವರದಲ್ಲಿ ಹುಳುಗಳ ಹಾಗೆ ಸಾಯುತ್ತಿದ್ದಾಗ ಅವರು ವೋಟು ಹಾಕಲು ಹೋದರು.

"ಅಂಜಿಕಿ ಬರಲಿಲ್ಲೇನು ಅವರಿಗೆ?"

"ಬಂದಿರುತ್ತೆ ಅತ್ತೆ."

"ಬಂದಿರತೈತಿ," ಅಂದರು ಅವರೂ, ಕಿಟಕಿಯ ಕಡೆ ತಿರುಗಿ.

ಅದಾದ ವಾರದಲ್ಲೇ ಕೆಮ್ಮು ಬಂತು. ಯಾರಿಂದ ಬಂತೋ, ಹಾಲಿನ ಡಬ್ಬಿಯಿಂದ ಬಂತೋ ದೇವರೇ ಬಲ್ಲ. ಮೊದಲು ಗಂಡನಿಗೆ ಎರಡು ದಿನ ಮೈಕೈ ನೋವು, ಆಮೇಲೆ ಅತ್ತೆಗೆ ಜ್ವರ. ನಾವು ಅವರ ಕೋಣೆಯ ಬಾಗಿಲಲ್ಲಿ ತಟ್ಟೆ ಇಟ್ಟು ಹಿಂದೆ ಸರಿಯುತ್ತಿದ್ದೆವು. ಗೋಡೆಯ ಆಚೆಯಿಂದ ಅವರ ಉಸಿರಿನ ಸದ್ದು ಕೇಳುತ್ತಿತ್ತು, ತೂತು ಬಿದ್ದ ತಿದಿಯ ಹಾಗೆ. ಮಗಳು ಪಿಸುಮಾತಿನಲ್ಲಿ, ಅಜ್ಜಿ ಸಾಯುತ್ತಾರಾ ಎಂದು ಇಂಗ್ಲಿಷಿನಲ್ಲಿ ಕೇಳಿದಳು. ಆ ಮಾತನ್ನು ಕನ್ನಡದಲ್ಲಿ ಕೇಳಲು ಅವಳಿಗೂ ಹೆದರಿಕೆ ಇತ್ತೇನೋ.

ಆಸ್ಪತ್ರೆ ಅಂದರೆ ಅತ್ತೆ ತಲೆಯಾಡಿಸಿಬಿಟ್ಟರು. "ನಾ ಬರೂದಿಲ್ಲ. ಅಲ್ಲಿ ಮೂಗಿನ್ಯಾಗ ನಳಿಗಿ ಹಾಕ್ತಾರ. ಕೈ ಹಿಡಕೊಂಡು ಹಾಕ್ತಾರ. ನನ್ನ ಭಾಷಾ ಯಾರಿಗೂ ತಿಳಿಯೂದಿಲ್ಲ, ಬ್ಯಾಡ ಅಂದ್ರೂ ತಿಳಿಯೂದಿಲ್ಲ."

ನನ್ನ ಗಂಡ ಹಜಾರಕ್ಕೆ ಬಂದು ನನ್ನ ಮೇಲೆ ಹರಿಹಾಯ್ದ. "ನಿನ್ನ ಜೈಲಿನ ಕಥೀ ಕೇಳಿ ಹಿಂಗಾಗ್ಯಾಳ. ಬ್ಯಾರೆ ಕಥೀ ಇರಲಿಲ್ಲೇನು ನಿನಗ?" ನಾನು ಡಾಕ್ಟರ ನಂಬರು ಹುಡುಕತೊಡಗಿದೆ.

ಮರುದಿನ ಬೆಳಿಗ್ಗೆ ನಮ್ಮ ಕುಟುಂಬದ ಡಾಕ್ಟರು ಮನೆಗೇ ಬಂದರು. ಎತ್ತರದ ಹೆಂಗಸು, ಹಳದಿ ನಿಲುವಂಗಿ, ಮಾಸ್ಕು, ಕಣ್ಣಿಗೆ ದೊಡ್ಡ ಕನ್ನಡಕ. ಮುಖವೇ ಕಾಣದ ಆ ರೂಪ ನೋಡಿ ಅತ್ತೆ ಗೋಡೆಗೆ ಸರಿದರು. ಬೆರಳಿಗೆ ಚಿಮಟದಂಥದ್ದನ್ನು ಸಿಕ್ಕಿಸಿ ನೋಡಿದ ಡಾಕ್ಟರು ನಮ್ಮ ಕಡೆ ತಿರುಗಿ ಇಂಗ್ಲಿಷಿನಲ್ಲಿ ಹೇಳಿದರು: ಆಮ್ಲಜನಕ ಬೇಕು, ಇವತ್ತೇ ಆಸ್ಪತ್ರೆಗೆ ಹೋಗಬೇಕು. ಜೊತೆಗೆ ಯಾರೂ ಹೋಗುವ ಹಾಗಿಲ್ಲ. ಇನ್ನೊಂದು ಮಾತು ಈಗಲೇ ಕೇಳಬೇಕು. ಅಲ್ಲಿ ಇನ್ನೂ ಕೆಟ್ಟರೆ ಪ್ರಜ್ಞೆ ತಪ್ಪಿಸಿ, ಗಂಟಲೊಳಗೆ ನಳಿಗೆ ಇಳಿಸಿ, ಯಂತ್ರದಿಂದ ಉಸಿರಾಡಿಸಬೇಕಾಗಬಹುದು. ಈ ವಯಸ್ಸಿನಲ್ಲಿ, ಈ ಸಕ್ಕರೆಯಲ್ಲಿ, ಅದರಿಂದ ಎದ್ದು ಬರುವವರು ಕಡಿಮೆ. ಅದು ಬೇಕೋ ಬೇಡವೋ?

"ಬೇಕು. ಎಲ್ಲಾ ಮಾಡಿ," ಅಂದ ನನ್ನ ಗಂಡ, ಪ್ರಶ್ನೆ ಮುಗಿಯುವ ಮೊದಲೇ.

ಡಾಕ್ಟರು ಅವನ ಕಡೆ ನೋಡಲಿಲ್ಲ. ಮಂಚದ ಪಕ್ಕ ಮಂಡಿಯೂರಿ ಕೂತು, ಅತ್ತೆಯ ಮುಖ ನೋಡುತ್ತ ನನಗೆ ಹೇಳಿದರು: "ನಾನು ಇವರ ಸ್ಟೆಮ್ ಕೇಳಬೇಕು." ಮಾತೆಲ್ಲ ಇಂಗ್ಲಿಷು, ಅದೊಂದು ಪದ ಮಾತ್ರ ಅವರ ಭಾಷೆಯದು.

ಭಾಷಾಂತರ ಮಾಡುವ ಕೆಲಸ ನನ್ನ ಪಾಲಿಗೆ ಬಂತು. ನಿಜ ಹೇಳಿದರೆ ಅತ್ತೆ ಹೋಗುವುದೇ ಇಲ್ಲ ಅನ್ನುತ್ತಾರೆ, ಈ ಕೋಣೆಯಲ್ಲೇ ಉಸಿರು ಕಟ್ಟಿ ಹೋಗುತ್ತಾರೆ. ಗಂಡ ನನ್ನ ತೋಳು ಹಿಡಿದು, "ಬರೇ ಆಕ್ಸಿಜನ್ ಅಂತ ಹೇಳು," ಅಂದ. ಹೇಳಿಬಿಡಬಹುದಿತ್ತು. ಆ ಕೋಣೆಯಲ್ಲಿ ಎರಡೂ ಕಡೆಯ ಮಾತು ತಿಳಿಯುವವರು ನಾವಿಬ್ಬರೇ.

ನಾನು ಪೂರ್ತಿ ಹೇಳಿದೆ. ಗಂಟಲು, ನಳಿಗೆ, ಯಂತ್ರ, ಎದ್ದು ಬರುವವರು ಕಡಿಮೆ ಅನ್ನುವುದು.

ಅತ್ತೆಗೆ ಮಾತಿಗೊಮ್ಮೆ ಉಸಿರು ಸಾಲದು. "ಜೈಲಿನ್ಯಾಗ ಹಾಕತಿದ್ರಲ್ಲ... ಅಂಥಾದ್ದೇನು?"

"ಹೌದು ಅತ್ತೆ, ಹೆಚ್ಚುಕಮ್ಮಿ ಅಂಥದ್ದೇ. ಆದರೆ ಅಲ್ಲಿ ಕೇಳದೆ ಹಾಕ್ತಿದ್ರು. ಇವರು ಕೇಳ್ತಾ ಇದಾರೆ. ನಿಮ್ಮನ್ನೇ ಕೇಳ್ತಾ ಇದಾರೆ."

"ನನ್ನ?" ಅವರು ಮೊದಲ ಸಲ ಡಾಕ್ಟರ ಕಡೆ ನೆಟ್ಟಗೆ ನೋಡಿದರು. "ಬ್ಯಾಡ ಅಂದ್ರ... ಬಿಡ್ತಾರೇನು?"

ನಾನು ಕೇಳಿದೆ. ಡಾಕ್ಟರು ಹೌದೆಂದು ತಲೆಯಾಡಿಸಿದರು. "ಬಿಡ್ತಾರಂತೆ," ಅಂದೆ.

ಆಮೇಲೆ ಅತ್ತೆ, ಅಂಗಡಿಯಲ್ಲಿ ಸೀರೆ ಆರಿಸುವವರ ಹಾಗೆ, ಒಂದೊಂದೇ ಹೇಳಿದರು. "ಹಂಗಾದ್ರ ಹೋಗ್ತೇನಿ. ಮೂಗಿಗೆ ಗಾಳಿ ಕೊಡೂದು ನಡೀತೈತಿ. ಸೂಜಿ ನಡೀತೈತಿ. ಗಂಟಲದಾಗ ನಳಿಗಿ ಬ್ಯಾಡ. ಯಂತ್ರ ಬ್ಯಾಡ. ಇದು ನನ್ನ ಮತ ಅಂತ ಹೇಳು." ಮಗನ ಕಡೆ ನೋಡಿ, "ನೀ ನಡುವ ಬಾಯಿ ಹಾಕಬ್ಯಾಡ," ಅಂದರು.

ಆಂಬುಲೆನ್ಸ್ ಬಂತು. ಲಿಫ್ಟಿನ ಬಾಗಿಲು ಮುಚ್ಚುವವರೆಗೆ ಅವರ ಕಾಲಿನ ಉಣ್ಣೆಯ ಸಾಕ್ಸು ಕಾಣುತ್ತಿತ್ತು.

ಆಮೇಲಿನ ದಿನಗಳಲ್ಲಿ ಹೆದರಿಕೆಗೆ ಒಂದೇ ರೂಪ: ಫೋನು. ಅದು ಹೊಡೆದುಕೊಂಡರೆ ಮೂವರೂ ನಿಂತಲ್ಲೇ ನಿಲ್ಲುತ್ತಿದ್ದೆವು. ಅಂಗಡಿಯವನ ಡೆಲಿವರಿ ಕರೆಗೂ ಮಗಳು ಕಿವಿ ಮುಚ್ಚಿಕೊಳ್ಳುತ್ತಿದ್ದಳು. ನರ್ಸ್ ಒಬ್ಬಳು ಒಮ್ಮೆ ಟ್ಯಾಬ್ಲೆಟ್ ಹಿಡಿದು ಅತ್ತೆಯ ಮುಖ ತೋರಿಸಿದಳು. ಮೂಗಿನ ಕೆಳಗೆ ಸಣ್ಣ ಪ್ಲಾಸ್ಟಿಕ್ ಕೊಳವೆ. ಅತ್ತೆ ಅದನ್ನು ಬೆರಳಲ್ಲಿ ಮುಟ್ಟಿ ತೋರಿಸಿ, ಕೈ ಅಡ್ಡಡ್ಡ ಆಡಿಸಿದರು. ಇದೇನೂ ಅಲ್ಲ ಅನ್ನುವ ಹಾಗೆ.

ಒಂದು ಮಧ್ಯಾಹ್ನ ಬೇರೆ ಡಾಕ್ಟರು ಫೋನ್ ಮಾಡಿದರು. ಸ್ಪೀಕರ್‌ನಲ್ಲಿ ಇಬ್ಬರೂ ಕೇಳಿದೆವು. ಕೊಡಬಹುದಾದಷ್ಟು ಆಮ್ಲಜನಕ ಕೊಡುತ್ತಿದ್ದೇವೆ, ಇನ್ನು ಮೇಲೆ ಉಳಿದಿರುವುದು ಯಂತ್ರ ಒಂದೇ. ಆಕೆ ಮಂಪರಿನಲ್ಲಿದ್ದಾರೆ, ಮಾತಾಡುತ್ತಿಲ್ಲ. ಬೇಡ ಎಂದು ಬರೆದಿದೆ. ಆಮೇಲೆ ಅವರು ಏನಾದರೂ ಬೇರೆ ಮನಸ್ಸು ಮಾಡಿದ್ದು ನಿಮಗೆ ಗೊತ್ತೇ?

ಗೊತ್ತು ಅಂದರೆ ಸಾಕಿತ್ತು. ನನ್ನ ಗಂಡ ಫೋನನ್ನು ಎರಡೂ ಕೈಯಲ್ಲಿ ಹಿಡಿದಿದ್ದ. ಅವನ ತುಟಿ ಎರಡು ಸಲ ತೆರೆದು ಮುಚ್ಚಿತು. ಅವನು ಹೂಂ ಅನ್ನಲಿ ಎಂದು ನನಗೇ ಅನ್ನಿಸಿಬಿಟ್ಟಿತು, ಸುಳ್ಳು ಯಾಕೆ ಹೇಳಲಿ. ಎಲ್ಲ ಓದಿ, ಎಲ್ಲ ಹೇಳಿದವಳು ನಾನು. ಆದರೂ ಆ ಗಳಿಗೆಯಲ್ಲಿ ಅವರ ಮತ ಯಾರಿಗೆ ಬೇಕಿತ್ತು? ಅವರು ಬೇಕಿತ್ತು.

"ಇಲ್ಲ," ಅಂದ ಅವನು. "ಬೇಡ ಅಂದಿದ್ದಾಳೆ. ಬೇರೆ ಏನೂ ಹೇಳಿಲ್ಲ."

ಫೋನ್ ಇಟ್ಟು ಅಡುಗೆಮನೆಯ ನೆಲದ ಮೇಲೆ ಕೂತುಬಿಟ್ಟ. ನಾನೂ ಅವನ ಪಕ್ಕ ಕೂತೆ. ಮಗಳು ಬಂದು ನಮ್ಮಿಬ್ಬರನ್ನೂ ನೋಡಿ, ಏನೂ ಕೇಳದೆ ಮಧ್ಯೆ ತೂರಿಕೊಂಡಳು. ನಾವು ಹಾಗೇ ಇದ್ದೆವು, ಹಿಂದಿನ ಹಳಿಯ ಮೇಲೆ ರೈಲು ಹೋಯಿತು, ಮತ್ತೊಂದು ಹೋಯಿತು.

ಮರುದಿನದ ಕರೆ ಮಾಡಿದವಳು ನರ್ಸ್. ಜ್ವರ ಇಳಿದಿತ್ತು. ಅದರ ಮರುದಿನ ಆಮ್ಲಜನಕ ಒಂದು ಹಂತ ಇಳಿಸಿದ್ದರು. ಯಾಕೆ ಉಳಿದರು ಎಂದು ಯಾರೂ ನಮಗೆ ಹೇಳಲಿಲ್ಲ. ಅದೇ ವಾರ್ಡಿನಲ್ಲಿ ಉಳಿಯದವರೂ ಇದ್ದರು. ಎರಡನೇ ಮಹಡಿಯ ಮುದುಕರು ವಾಪಸ್ ಬರಲಿಲ್ಲ. ಅತ್ತೆ ಬಂದರು, ಅರ್ಧ ಆಗಿ, ಗಾಲಿಕುರ್ಚಿಯಲ್ಲಿ. ಬಾಗಿಲಲ್ಲೇ ಮಗನ ಮುಖ ನೋಡಿ, "ಫೋನ್ ಬಂದಿತ್ತಂತಲ್ಲೋ, ನರ್ಸ್ ಹೇಳಿದ್ಲು. ಏನಂದಿ?" ಎಂದು ಕೇಳಿದರು. ಆಸ್ಪತ್ರೆಯವರ ಭಾಷೆ ಇವರಿಗೆ ಹೇಗೆ ತಿಳಿಯಿತೋ ನನಗೆ ಇಂದಿಗೂ ಗೊತ್ತಿಲ್ಲ.

"ನೀ ಅಂದದ್ದ ಅಂದೆ," ಅಂದ.

"ಕಷ್ಟ ಆತೇನು?"

ಅವನು ಬಗ್ಗಿ ಅವರ ಸಾಕ್ಸು ಸರಿಮಾಡತೊಡಗಿದ. ಅವರು ಅವನ ಕೆನ್ನೆ ಹಿಡಿದು, "ಆಗತೈತಿ," ಅಂದರು.

ವಿಮಾನ ಶುರುವಾದ ಮೇಲೆ ಅತ್ತೆ ಊರಿಗೆ ಹೋದರು. ಮರುವರ್ಷ ಒಂದು ದಿನ ಫೋನ್ ಮಾಡಿ, ಎಡಗಣ್ಣಿನ ಪೊರೆ ತೆಗೆಸಿಕೊಂಡೆ ಎಂದು ಹೇಳಿದರು. ಮಾಡಿಸಿಕೊಳ್ಳಲೇ ಎಂದು ಮಗನನ್ನು ಕೇಳಿರಲಿಲ್ಲ, ಆಪರೇಷನ್ ಆಗಿ ಆಗಲೇ ನಾಲ್ಕು ದಿನ ಆಗಿತ್ತು.