ಸ್ಟಾರ್ಟರ್‌ ಎದುರಿನ ಪಾಯಸ

ಶಿಕಾರಿಪುರದ ಹೂವಪ್ಪನವರು ಇಪ್ಪತ್ತಾರು ವರ್ಷಗಳಿಂದ ಮದುವೆ ಅಡುಗೆ ಮಾಡುತ್ತಿದ್ದಾರೆ. ಸೊರಬದ ದೇವರಾಜ ಈ ಕೆಲಸಕ್ಕಿಳಿದು ಮೂರೇ ವರ್ಷ. ಆದರೆ ಅವನ ಊಟದ ಪಟ್ಟಿಯಲ್ಲಿ ಸ್ಟಾರ್ಟರ್, ಮೇನ್ ಕೋರ್ಸ್, ಡೆಸರ್ಟ್ ಎಂದು ಅಚ್ಚಾಗಿರುತ್ತಿತ್ತು. ಕಳೆದ ಬೇಸಿಗೆಯಲ್ಲಿ ನಾಲ್ಕು ಮದುವೆಗಳು ಅವನ ಪಾಲಾದವು. ಹೂವಪ್ಪನವರಿಗೆ ಹೊಟ್ಟೆಕಿಚ್ಚಾದದ್ದು ಅವನ ಸಾರಿನ ಮೇಲಲ್ಲ, ಆ ಪಟ್ಟಿಯ ಮೇಲೆ.

"ಸ್ಟಾರ್ಟರ್ ಅಂದ್ರೆ ಏನವ್ವ?" ಎಂದು ಮಗಳು ನಾಗಶ್ರೀಯನ್ನು ಕೇಳಿದರು.

"ಮೊದ್ಲು ಬಡ್ಸೋದು, ಅಪ್ಪಾಜಿ."

ಎಲೆಗೆ ಮೊದಲು ಬೀಳುವುದು ಪಾಯಸ. ಹೂವಪ್ಪನವರು ತಮ್ಮ ಪಟ್ಟಿಯಲ್ಲೂ 'ಸ್ಟಾರ್ಟರ್: ಪಾಯಸ' ಎಂದೇ ಅಚ್ಚು ಹಾಕಿಸಿಕೊಂಡು ಉಳವಿಯ ಯಮುನಮ್ಮನವರ ಮನೆಗೆ ಹೋದರು. ಅವರ ಮೊಮ್ಮಗಳ ಮದುವೆಯ ಅಡುಗೆ ಯಾರಿಗೆಂದು ಅಂದೇ ತೀರ್ಮಾನವಾಗಬೇಕಿತ್ತು.

ಮೊಮ್ಮಗಳು ಪಟ್ಟಿ ಓದಿ ನಕ್ಕಳು. "ಸ್ಟಾರ್ಟರ್ ಅಂದ್ರೆ ಗೋಬಿ, ಬೋಂಡ ಕಣ್ರೀ. ಸಿಹಿ ಕೊನೆಗೆ. ಅದು ಡೆಸರ್ಟ್."

ಹೂವಪ್ಪನವರ ಮುಖ ಕೆಂಪಾಯಿತು.

"ಪಾಯಸ ಬಡಿಸ್ದೆ ಬೀಗರ ಕೈಗೆ ಗೋಬಿ ಕೊಡೋದೇನೇ?" ಎಂದು ಯಮುನಮ್ಮ ಗದರಿದರು. "ಹೂವಪ್ಪನೋರೇ, ಅಡುಗೆ ನೀವೇ ಮಾಡ್ರಿ."

ಕೆಲಸವೇನೋ ಸಿಕ್ಕಿತು. ಹೊರಡುವಾಗ ಟೀಪಾಯಿಯ ಮೇಲೆ ದೇವರಾಜನ ಪಟ್ಟಿ ಕಂಡಿತು. ಅದರ ಅಂಚಿಗೆ ಬಂಗಾರದ ಬಣ್ಣವಿತ್ತು.

"ಇದನ್ನ ಎಲ್ಲಿ ಪ್ರಿಂಟ್ ಹಾಕ್ಸಿದಾನಂತ ಗೊತ್ತೇನ್ರೀ?" ಎಂದು ಹೂವಪ್ಪನವರು ಕೇಳಿದರು.